ಸಹಾಯ ಬೇಕು: ಅಪ್ಪ ಅಮ್ಮನ ಜೊತೆ ಸ್ಕಾಟ್ಲೆಂಡ್ ಹೈಲ್ಯಾಂಡ್ಸ್, ಸ್ಕೈ ದ್ವೀಪದ ಬಸ್ ಟೂರ್

ಎಲ್ಲರಿಗೂ ನಮಸ್ಕಾರ. ಸೆಪ್ಟೆಂಬರ್‌ನಲ್ಲಿ ಅಪ್ಪ ಅಮ್ಮ ಹಾಸನದಿಂದ ಲೀಡ್ಸ್‌ಗೆ, ನಮ್ಮ ಮನೆಗೆ ಬರುತ್ತಿದ್ದಾರೆ. ಎಡಿನ್‌ಬರಾದಿಂದ ಹೊರಡುವ 3 ದಿನದ ಗೈಡೆಡ್ ಟೂರ್‌ಗೆ ಅವರನ್ನು ಕರೆದುಕೊಂಡು ಹೋಗಬೇಕು ಅಂತ ತುಂಬಾ ಆಸೆ. ಗ್ಲೆನ್‌ಕೋ ಕಣಿವೆ, ಐಲೀನ್ ಡೊನನ್ ಕೋಟೆ, ಸ್ಕೈ ದ್ವೀಪ, ವಾಪಸ್ ಬರುವಾಗ ಲಾಕ್ ನೆಸ್ ಸರೋವರ.

ಚಿಂತೆ ಇರುವುದು ಅಮ್ಮನ ಮಂಡಿ ನೋವಿನದು. ಸಮತಟ್ಟು ಜಾಗದಲ್ಲಿ ಆರಾಮಾಗಿ ನಡೆಯುತ್ತಾರೆ, ಏರು ಬಂದರೆ ಕಷ್ಟ. ಸ್ಕೈನಲ್ಲಿರುವ ಓಲ್ಡ್ ಮ್ಯಾನ್ ಆಫ್ ಸ್ಟಾರ್ ಬಂಡೆಯ ತನಕ ಹತ್ತುವುದು ಆಗದ ಮಾತು. ಕೆಳಗೆ ರಸ್ತೆಯಿಂದ ಕಂಡರೂ ಸಾಕು. ಉಳಿದವರು ಹತ್ತಿ ಬರುವ ತನಕ ಅಮ್ಮ ಬಸ್ಸಿನಲ್ಲೇ ಕೂತಿರಬಹುದಾ, ಇಲ್ಲ ಡ್ರೈವರ್ ಬಾಗಿಲು ಹಾಕಿಕೊಂಡು ಹೋಗಿಬಿಡುತ್ತಾರಾ? ಇಂಥ ಟೂರ್‌ಗಳ 16 ಸೀಟಿನ ಬಸ್ಸಿನ ಮೊದಲ ಮೆಟ್ಟಿಲು ತುಂಬಾ ಎತ್ತರವಾ? ಅಮ್ಮ ಕಂಬಿ ಹಿಡಿದು, ಬಲಗಾಲು ಮೊದಲು ಇಟ್ಟೇ ಹತ್ತಬೇಕು.

1995ರಲ್ಲಿ ಸ್ಕೈ ಸೇತುವೆ ಆಯ್ತಲ್ಲ, ಬಸ್ಸು ಅದರ ಮೇಲೇ ದ್ವೀಪ ಸೇರಬಹುದು. ಆದರೆ ಮಲೇಗ್‌ನಿಂದ ಆರ್ಮಡೇಲ್‌ಗೆ ಫೆರ್ರಿಯಲ್ಲಿ ದಾಟಿಸುವ ಟೂರ್ ಇದ್ದರೆ ಅದೇ ಬೇಕು. ಅಮ್ಮನಿಗೆ ಸಮುದ್ರ ಅಂದರೆ ಪ್ರಾಣ.

ಅಪ್ಪ ಮೊಟ್ಟೆಯನ್ನೂ ಮುಟ್ಟುವುದಿಲ್ಲ. ಸ್ಕೈ ದ್ವೀಪದ ಪೋರ್ಟ್ರೀ ಊರಿನಲ್ಲಿ ರಾತ್ರಿ ಊಟಕ್ಕೆ ಏನು ಸಿಗುತ್ತದೆ? ಗೊಜ್ಜವಲಕ್ಕಿ ಹೇಗೂ ಕಟ್ಟಿಕೊಳ್ಳುತ್ತೇನೆ.

ವಯಸ್ಸಾದವರ ಜೊತೆ ಹೋಗಿ ಬಂದವರು ದಯವಿಟ್ಟು ತಿಳಿಸಿ. ಈ ವಾರವೇ ಸೀಟು ಬುಕ್ ಮಾಡಬೇಕು.