ಮೈನ್‌ಕ್ರಾಫ್ಟ್‌ನ ರಥಬೀದಿಯಲ್ಲಿ ತೇರು ಎಳೆಯುವುದು ಹೇಗೆ? ತಳ ಮುಂದೆ ಹೋಗುತ್ತದೆ, ಮೇಲ್ಭಾಗ ಹಿಂದೆಯೇ ಉಳಿಯುತ್ತದೆ

ಪ್ರಶ್ನೆ: ಕಲ್ಸಂಕ

ನಾನು ಉಡುಪಿಯವನು. ಕಳೆದ ಮಳೆಗಾಲದಲ್ಲಿ ಶಾಲೆಗಳಿಗೆ ಮೇಲಿಂದ ಮೇಲೆ ರಜೆ ಸಿಕ್ಕಿದಾಗ, ಏಳನೆಯ ತರಗತಿಯಲ್ಲಿರುವ ಮಗಳೂ ನಾನೂ ಸೇರಿ ಟ್ಯಾಬ್ಲೆಟ್‌ನಲ್ಲಿ, ಬ್ಲಾಕ್‌ಗಳನ್ನು ಜೋಡಿಸಿ ಬೇಕಾದದ್ದನ್ನು ಕಟ್ಟುವ ಆಟವಾದ ಮೈನ್‌ಕ್ರಾಫ್ಟ್‌ನ ಕ್ರಿಯೇಟಿವ್ ಲೋಕವೊಂದನ್ನು (ಬ್ಲಾಕ್‌ಗಳು ಬೇಕಾದಷ್ಟು ಸಿಗುವ ಬಗೆಯದು) ತೆರೆದು ನಮ್ಮ ರಥಬೀದಿಯನ್ನು ಕಟ್ಟತೊಡಗಿದೆವು. ನಡುವೆ ಕೃಷ್ಣ ಮಠ, ಅನಂತೇಶ್ವರ, ಚಂದ್ರಮೌಳೀಶ್ವರ, ಸುತ್ತ ಅಷ್ಟಮಠಗಳು. ಮಠಗಳ ಹೆಂಚಿನ ಮಾಡುಗಳು ಒಂದು ಹಂತಕ್ಕೆ ಬಂದ ಮೇಲೆ, ತೇರಿಲ್ಲದ ರಥಬೀದಿ ರಥಬೀದಿಯೇ ಅಲ್ಲವೆಂದು ಮಗಳು ಹಟ ಹಿಡಿದಳು. ಮಕರ ಸಂಕ್ರಾಂತಿಯ ಮೂರು ತೇರು ಉತ್ಸವವನ್ನು ಅವಳು ಪ್ರತಿವರ್ಷ ನೋಡಿದವಳು. ಆದುದರಿಂದ ಅವಳಿಗೆ ಬೇಕಾದದ್ದು ನಿಂತಿರುವ ತೇರಲ್ಲ, ಬೀದಿಯನ್ನು ಸುತ್ತಿ ಬರುವ ತೇರು.

ನಾವು ಕಟ್ಟಿದ್ದು ಮೂರು ಬ್ಲಾಕ್ ಅಗಲದ, ಏಳು ಬ್ಲಾಕ್ ಎತ್ತರದ ತೇರು. ಅಡಿಯಲ್ಲಿ ಅಂಟು ಗುಣದ ಸ್ಲೈಮ್ ಬ್ಲಾಕ್‌ಗಳು, ಎದುರಿನ ಬ್ಲಾಕನ್ನು ತಳ್ಳುವ ಒಂದು ಪಿಸ್ಟನ್, ತಳ್ಳಿ ಮತ್ತೆ ಎಳೆದುಕೊಳ್ಳುವ ಒಂದು ಸ್ಟಿಕಿ ಪಿಸ್ಟನ್ ಮತ್ತು ಎದುರಿನ ಬದಲಾವಣೆಯನ್ನು ಕಂಡು ಸಂಕೇತ ಕೊಡುವ ಎರಡು ಅಬ್ಸರ್ವರ್‌ಗಳಿರುವ ಎಂಜಿನ್ನನ್ನು ಒಂದು ವೀಡಿಯೊ ನೋಡಿ ಜೋಡಿಸಿದೆವು. ಮೇಲೆ ಕೆಂಪು ಮತ್ತು ಬಿಳಿ ಉಣ್ಣೆಯ ಬ್ಲಾಕ್‌ಗಳಿಂದ ಗೋಲವನ್ನು ಮಾಡಿದೆವು. ಎಂಜಿನ್ ಒಂದನ್ನೇ ಬಯಲಿನಲ್ಲಿ ಓಡಿಸಿದಾಗ ಅದು ಸರಾಗವಾಗಿ ಹೋಗುತ್ತದೆ. ತೇರನ್ನು ಹೊರಿಸಿ ಬೀದಿಗೆ ಇಳಿಸಿದಾಗ ಮಾತ್ರ ತಳಭಾಗವಷ್ಟೇ ಮುಂದೆ ಸಾಗಿ, ಕೆಂಪು ಬಿಳಿ ಗೋಲ ಹೊರಟ ಜಾಗದಲ್ಲೇ ಗಾಳಿಯಲ್ಲಿ ನಿಂತುಬಿಡುತ್ತದೆ. ಆ ತಳವೂ ಏಳೆಂಟು ಬ್ಲಾಕ್ ಹೋಗಿ, ಬೀದಿಯ ಅಂಚಿನ ದೀಪದ ಕಂಬದ ಪಕ್ಕದಲ್ಲಿ, ಪ್ರತಿಸಲವೂ ಅದೇ ಕಂಬದ ಪಕ್ಕದಲ್ಲಿ, ನಿಲ್ಲುತ್ತದೆ. ಇದರ ಕಾರಣವನ್ನೂ, ಮೂಲೆಗಳಲ್ಲಿ ತೇರನ್ನು ತಿರುಗಿಸುವ ಬಗೆಯನ್ನೂ ತಿಳಿದವರು ದಯವಿಟ್ಟು ವಿವರಿಸಬೇಕು.

ಉತ್ತರ: ಪಣಂಬೂರು

ನಿಮ್ಮ ವಿವರಣೆ ಎಷ್ಟು ಸ್ಪಷ್ಟವಾಗಿದೆಯೆಂದರೆ ಚಿತ್ರ ನೋಡದೆಯೇ ತಪ್ಪು ಎಲ್ಲಿದೆಯೆಂದು ಹೇಳಬಹುದು. ಇಲ್ಲಿ ಇರುವುದು ಒಂದಲ್ಲ, ಎರಡು ತಪ್ಪುಗಳು.

ಮೊದಲು ಗೋಲದ ವಿಚಾರ. ಈ ಆಟದಲ್ಲಿ ವಾಹನ ಎಂಬ ಒಂದು ಇಡೀ ವಸ್ತು ಇಲ್ಲ. ದೋಣಿ ಮತ್ತು ಗಣಿಬಂಡಿಗಳನ್ನು ಬಿಟ್ಟರೆ, ನಾವು ಕಟ್ಟುವುದೆಲ್ಲ ಬಿಡಿ ಬ್ಲಾಕ್‌ಗಳೇ. ಅವುಗಳಲ್ಲಿ ಅಂಟುವ ಗುಣವಿರುವುದು 2014ರ 1.8 ಆವೃತ್ತಿಯಲ್ಲಿ ಜಾವಾ ಎಂಬ ಕಂಪ್ಯೂಟರ್ ರೂಪದ ಆಟಕ್ಕೆ ಬಂದ ಸ್ಲೈಮ್ ಬ್ಲಾಕ್‌ಗೆ ಮತ್ತು 2019ರಲ್ಲಿ ಬಂದ ಜೇನಿನ ಬ್ಲಾಕ್‌ಗೆ ಮಾತ್ರ. ಸ್ಲೈಮ್ ಚಲಿಸಿದಾಗ ಅದರ ಆರು ಮೈಗಳಿಗೆ ತಾಗಿರುವ ಬ್ಲಾಕ್‌ಗಳು ಜೊತೆಗೆ ಬರುತ್ತವೆ. ಆದರೆ ಆ ಬ್ಲಾಕ್‌ಗಳ ಮೇಲೆ ಕುಳಿತಿರುವ ಇನ್ನೊಂದು ಉಣ್ಣೆಯ ಬ್ಲಾಕ್‌ಗೆ ಅದರ ಸುದ್ದಿಯೇ ಇರುವುದಿಲ್ಲ. ಉಣ್ಣೆ ಉಣ್ಣೆಗೆ ಅಂಟುವುದಿಲ್ಲ, ಮತ್ತು ಈ ಲೋಕದಲ್ಲಿ ಮರಳು, ಜಲ್ಲಿಯಂಥ ಕೆಲವನ್ನು ಬಿಟ್ಟರೆ ಆಧಾರ ತಪ್ಪಿದ ಬ್ಲಾಕ್ ಬೀಳುವುದೂ ಇಲ್ಲವಾದ್ದರಿಂದ ನಿಮ್ಮ ಗೋಲ ಗಾಳಿಯಲ್ಲೇ ಉಳಿದಿದೆ. ತೇರಿನ ಹೊಟ್ಟೆಯೊಳಗೆ ಕೆಳಗಿನಿಂದ ಮೇಲಿನ ತನಕ ಸ್ಲೈಮ್ ಕಂಬವೊಂದನ್ನು ಎಬ್ಬಿಸಿ, ಕಾಣುವ ಪ್ರತಿಯೊಂದು ಉಣ್ಣೆಯ ಬ್ಲಾಕ್ ಆ ಕಂಬಕ್ಕೆ ತಾಗುವಂತೆ ಮಾಡಬೇಕು.

ದೀಪದ ಕಂಬದ ತೊಂದರೆ ಇದೇ ಗುಣದ ಇನ್ನೊಂದು ಮುಖ. ಸ್ಲೈಮ್‌ಗೆ ನಮ್ಮದು, ಪರರದು ಎಂಬ ಭೇದವಿಲ್ಲ. ಬೀದಿಯ ಅಂಚಿನ ಕಂಬ ಅದರ ಮೈಗೆ ತಾಗಿದ ಕ್ಷಣ ಆ ಕಂಬವೂ ತೇರಿನ ಭಾಗವಾಗುತ್ತದೆ. ಪಿಸ್ಟನ್ ಅದನ್ನೂ ತಳ್ಳಬೇಕಾಗುತ್ತದೆ. ಒಂದು ಪಿಸ್ಟನ್ ಒಂದು ಸಲಕ್ಕೆ 12 ಬ್ಲಾಕ್‌ಗಳನ್ನು ಮಾತ್ರ ಚಲಿಸಬಲ್ಲದು. ಹದಿಮೂರನೆಯದು ಸೇರಿದರೆ ಅದು ಅರ್ಧವನ್ನು ತಳ್ಳಿ ಅರ್ಧವನ್ನು ಬಿಡುವುದಿಲ್ಲ, ಏನನ್ನೂ ತಳ್ಳದೆ ಸುಮ್ಮನಾಗುತ್ತದೆ. ನಿಮ್ಮ ತಳ ಕಂಬದ ಪಕ್ಕದಲ್ಲೇ ನಿಲ್ಲುವುದಕ್ಕೆ ಇದೇ ಕಾರಣವೆಂಬುದರಲ್ಲಿ ನನಗೆ ಸಂಶಯವಿಲ್ಲ. ನೆಲದ ವಿಷಯದಲ್ಲಿಯೂ ಇದೇ ಎಚ್ಚರ ಬೇಕು. ತೇರು ಬೀದಿಯ ಕಲ್ಲಿಗೆ ತಾಗಿಕೊಂಡು ಸಾಗಬೇಕೆಂದಾದರೆ ಆ ದಾರಿಗೆ ಗ್ಲೇಜ್ಡ್ ಟೆರಾಕೋಟಾ ಎಂಬ ಮೆರುಗಿನ ಮಣ್ಣಿನ ಬ್ಲಾಕ್ ಹಾಸಿರಿ, ಅದಕ್ಕೆ ಸ್ಲೈಮ್ ಅಂಟುವುದಿಲ್ಲ. ಕಂಬಗಳನ್ನು ಒಂದು ಬ್ಲಾಕ್ ಹಿಂದಕ್ಕೆ ಸರಿಸಿದರೆ ಸಾಕು.

ಇನ್ನು 12ರ ಮಿತಿಯೊಳಗೆ ಅಷ್ಟು ದೊಡ್ಡ ತೇರನ್ನು ಹೇಗೆ ಎಳೆಯುವುದೆಂಬುದು ನಿಜವಾದ ಪ್ರಶ್ನೆ. ನಿಮ್ಮ ಎಂಜಿನ್ ಮಾಡುವ ಕೆಲಸವನ್ನು ನಿಧಾನವಾಗಿ ಗಮನಿಸಿರಿ. ಅದರಲ್ಲಿ ಎರಡು ಭಾಗಗಳಿವೆ. ಹಿಂಭಾಗದ ಪಿಸ್ಟನ್ ಮುಂಭಾಗವನ್ನು ಒಂದು ಬ್ಲಾಕ್ ಮುಂದಕ್ಕೆ ತಳ್ಳುತ್ತದೆ. ಮುಂಭಾಗ ಸರಿದದ್ದರಿಂದ ಅದರಲ್ಲಿರುವ ಅಬ್ಸರ್ವರ್ ಮಿಡಿದು, ಹಿಂದಕ್ಕೆ ಮುಖ ಮಾಡಿರುವ ಸ್ಟಿಕಿ ಪಿಸ್ಟನ್‌ಗೆ ಶಕ್ತಿ ಕೊಡುತ್ತದೆ. ಅದು ಕೈ ಚಾಚಿ ಹಿಂಭಾಗವನ್ನು ಹಿಡಿದು ತನ್ನತ್ತ ಎಳೆದುಕೊಳ್ಳುತ್ತದೆ. ಹಿಂಭಾಗ ಸರಿದೊಡನೆ ಅಲ್ಲಿನ ಅಬ್ಸರ್ವರ್ ಮಿಡಿಯುತ್ತದೆ, ಮತ್ತೆ ಮೊದಲಿನಿಂದ. ಅಂದರೆ ತಳ್ಳುವಾಗ 12, ಎಳೆಯುವಾಗ 12. ಒಂದು ಎಂಜಿನ್ನಿನ ಮೇಲೆ, ಅದರ ಸ್ವಂತ ಭಾಗಗಳನ್ನೂ ಸೇರಿಸಿ, ಒಟ್ಟು 24 ಬ್ಲಾಕ್‌ಗಳವರೆಗೆ ಹೊರಿಸಬಹುದು, ಆದರೆ ಎರಡು ಭಾಗಗಳಿಗೆ ಸರಿಯಾಗಿ ಹಂಚಿ. ಹಿಂಭಾಗದ ಸ್ಲೈಮ್ ಮುಂಭಾಗದ ಉಣ್ಣೆಗೆ ಎಲ್ಲಿಯೂ ತಾಗಬಾರದು. ಎರಡೂ ಭಾಗಗಳು ಸೇರುವುದು ಪಿಸ್ಟನ್‌ಗಳ ಮೂಲಕ ಮಾತ್ರ. ಇದನ್ನು ತಪ್ಪಿದರೆ ಮುಂಭಾಗ ಹೊರಡುವಾಗ ಹಿಂಭಾಗವನ್ನೂ ಎಳೆಯಲು ಹೋಗಿ ಎರಡೂ ನಿಲ್ಲುತ್ತವೆ, ಏಕೆಂದರೆ ಕೈ ಚಾಚಿರುವ ಪಿಸ್ಟನ್ನನ್ನು ಯಾರೂ ಸರಿಸಲಾರರು.

ನಿಮ್ಮ ತೇರು ಮೂರು ಬ್ಲಾಕ್ ಅಗಲವಿರುವುದರಿಂದ ಅದನ್ನು ಉದ್ದಕ್ಕೆ ಸೀಳಿದ ಮೂರು ಹೋಳುಗಳೆಂದು ಭಾವಿಸಿ, ಒಂದೊಂದು ಹೋಳಿಗೂ ಪ್ರತ್ಯೇಕ ಎಂಜಿನ್ ಕೊಡಿರಿ. ಎಡ ಮತ್ತು ಬಲ ಹೋಳುಗಳಲ್ಲಿ ಸ್ಲೈಮ್, ನಡುವಿನ ಹೋಳಿನಲ್ಲಿ ಜೇನು. ಸ್ಲೈಮ್ ಮತ್ತು ಜೇನು ಒಂದಕ್ಕೊಂದು ಅಂಟುವುದಿಲ್ಲ ಎಂಬುದು ಈ ವಿದ್ಯೆಯಲ್ಲಿ ನಮಗೆ ಸಿಕ್ಕಿರುವ ದೊಡ್ಡ ಅನುಕೂಲ. ಒಂದು ಹೋಳಿನ ಸ್ಲೈಮ್‌ನ ಪಕ್ಕದ ಮೈ ಎದುರು ಇನ್ನೊಂದು ಹೋಳಿನ ಜೇನೇ ಇರಬೇಕು, ಉಣ್ಣೆ ಇರಬಾರದು. ಮೂರು ಎಂಜಿನ್‌ಗಳೂ ಒಂದೇ ಕ್ಷಣದಲ್ಲಿ ಹೊರಡುವಂತೆ ರೆಡ್‌ಸ್ಟೋನ್ ಎಳೆಗಳನ್ನು (ಈ ಆಟದ ವಿದ್ಯುತ್ ತಂತಿಗಳನ್ನು) ಸಮಾನವಾಗಿ ಹಾಕಿರಿ. ಗೋಲವನ್ನು ಒಳಗೆ ಟೊಳ್ಳಾಗಿ ಮಾಡಿರಿ. ನಮ್ಮ ಕರಾವಳಿಯ ತೇರುಗಳಲ್ಲಿಯೂ ಭಾರವೆಲ್ಲ ಮರದ ತಳದಲ್ಲಿರುತ್ತದೆ, ಮೇಲಿನ ಗೋಲ ಬಿದಿರು ಮತ್ತು ಪತಾಕೆಗಳದ್ದಲ್ಲವೇ?

ಕೊನೆಯದಾಗಿ, ನೀವು ನೋಡಿದ ವೀಡಿಯೊ ಜಾವಾ ಆವೃತ್ತಿಯದ್ದೇ ಎಂದು ಪರೀಕ್ಷಿಸಿರಿ. ಟ್ಯಾಬ್ಲೆಟ್‌ನಲ್ಲಿರುವುದು ಬೆಡ್‌ರಾಕ್ ಆವೃತ್ತಿ. ಜಾವಾದಲ್ಲಿ ಪಿಸ್ಟನ್‌ನ ಮೇಲಿನ ಬ್ಲಾಕ್‌ಗೆ ಬರುವ ಶಕ್ತಿಯಿಂದಲೂ ಪಿಸ್ಟನ್ ಕೆಲಸ ಮಾಡುವ ವಿಚಿತ್ರ ಗುಣವಿದೆ, ಬೆಡ್‌ರಾಕ್‌ನಲ್ಲಿ ಅದಿಲ್ಲ. ಆ ಗುಣವನ್ನು ನಂಬಿ ಮಾಡಿದ ಎಂಜಿನ್‌ಗಳು ನಿಮ್ಮಲ್ಲಿ ಮಿಸುಕಾಡುವುದೇ ಇಲ್ಲ.

ಉತ್ತರ: ಮಣಿಪಾಲ

ಮೇಲಿನ ಉತ್ತರಕ್ಕೆ ಮೂಲೆಯ ವಿಚಾರವನ್ನಷ್ಟೇ ಸೇರಿಸುತ್ತೇನೆ. ಈ ಬಗೆಯ ಎಂಜಿನ್ ನೇರವಾಗಿ ಮಾತ್ರ ಹೋಗುತ್ತದೆ. ಪಿಸ್ಟನ್‌ಗೆ ಬ್ಲಾಕ್‌ಗಳನ್ನು ಸರಿಸಲು ಬರುತ್ತದೆಯೇ ಹೊರತು ತಿರುಗಿಸಲು ಬರುವುದಿಲ್ಲ. ಅಡ್ಡ ದಿಕ್ಕಿನ ಇನ್ನೊಂದು ಎಂಜಿನ್ನನ್ನು ತೇರಿನೊಳಗೇ ಇಡೋಣವೆಂದರೆ ಅದರ ಭಾಗಗಳೇ 12ರ ಲೆಕ್ಕವನ್ನು ತಿಂದುಹಾಕುತ್ತವೆ. ನಾನು ಒಂದು ವಾರ ಆ ಹಾದಿಯಲ್ಲಿ ಹೋಗಿ ಕೈಬಿಟ್ಟಿದ್ದೇನೆ.

ನಿಮ್ಮದು ಕ್ರಿಯೇಟಿವ್ ಲೋಕವಾದ್ದರಿಂದ ಸ್ಟ್ರಕ್ಚರ್ ಬ್ಲಾಕ್ ಬಳಸಿರಿ, ಅದು ಪೆಟ್ಟಿಗೆಯಾಕಾರದ ಒಂದು ಜಾಗದಲ್ಲಿರುವುದನ್ನೆಲ್ಲ ಉಳಿಸಿಟ್ಟುಕೊಂಡು ಮತ್ತೆ ಇಳಿಸಬಲ್ಲದು. ಚೀಟ್ಸ್ (ಆಜ್ಞೆಗಳಿಗೆ ಅನುಮತಿ ಕೊಡುವ ಆಯ್ಕೆ) ಚಾಲೂ ಮಾಡಿದರೆ, ವಸ್ತು ಕೊಡುವ ಗಿವ್ ಆಜ್ಞೆಯಿಂದ ಅದು ಸಿಗುತ್ತದೆ. ಆ ಲೋಕದಲ್ಲಿ ಸಾಧನೆಗಳ ಪದಕಗಳು ನಿಲ್ಲುತ್ತವೆ, ಅದರಿಂದ ನಿಮಗೆ ನಷ್ಟವಿರಲಾರದು. ತೇರು ನಿಶ್ಚಲವಾಗಿರುವಾಗ ಎಂಜಿನ್ ಸಮೇತ ಅದನ್ನು ಉಳಿಸಿಕೊಳ್ಳಿರಿ. ಮೂಲೆಯಲ್ಲಿ ಪ್ರತಿ ಹೋಳಿನ ಎದುರೂ ಒಂದೊಂದು ಅಬ್ಸಿಡಿಯನ್ ಬ್ಲಾಕ್ ಇಟ್ಟರೆ ಪಿಸ್ಟನ್‌ಗಳು ಅದನ್ನು ತಳ್ಳಲಾರದೆ ತೇರು ಅಲ್ಲಿ ನಿಲ್ಲುತ್ತದೆ. ಆಗ ಅದೇ ಜಾಗದಲ್ಲಿ, ಉಳಿಸಿದ ತೇರನ್ನು 90 ಡಿಗ್ರಿ ತಿರುಗಿಸಿ ಇಳಿಸಿರಿ. ಎಂಜಿನ್ ಕೂಡ ತಿರುಗಿರುವುದರಿಂದ ಮುಂದಿನ ಬೀದಿಗೆ ಅದೇ ಎಳೆಯುತ್ತದೆ. ಪ್ರದಕ್ಷಿಣೆಯೆಂದರೆ ಪ್ರತಿ ಮೂಲೆಯಲ್ಲಿಯೂ ಬಲಕ್ಕೇ ತಿರುಗುವುದಾದ್ದರಿಂದ ಲೆಕ್ಕ ಸುಲಭ: 90, 180, 270, ಮತ್ತೆ ಮೊದಲಿನದು.

ಎರಡು ಎಚ್ಚರಗಳಿವೆ. ಉಳಿಸುವ ಪೆಟ್ಟಿಗೆಯ ಉದ್ದ ಮತ್ತು ಅಗಲ ಸಮವಾಗಿರಲಿ, ಇಲ್ಲದಿದ್ದರೆ ತಿರುಗಿಸಿದಾಗ ತೇರು ನಡುವಿನಿಂದ ಪಕ್ಕಕ್ಕೆ ಜರುಗುತ್ತದೆ. ಪೆಟ್ಟಿಗೆಯೊಳಗಿನ ಖಾಲಿ ಜಾಗವೂ ಬ್ಲಾಕ್‌ನಂತೆಯೇ ಉಳಿಯುತ್ತದೆ. ಹಳೆಯ ತೇರು ತಾನಾಗಿ ಅಳಿಸಿಹೋಗುವುದು ಅದರಿಂದಲೇ. ಆದರೆ ಪೆಟ್ಟಿಗೆ ನೆಲಕ್ಕಿಂತ ಕೆಳಗೆ ಇಳಿದಿದ್ದರೆ ಅಥವಾ ಮಠದ ಜಗಲಿಯವರೆಗೆ ಚಾಚಿದ್ದರೆ ಅವೂ ಅಳಿಸಿಹೋಗುತ್ತವೆ. ಮೊದಲು ಲೋಕದ ಒಂದು ನಕಲನ್ನು ತೆಗೆದಿಟ್ಟುಕೊಳ್ಳಿರಿ.

ಉತ್ತರ: ಕಾಪು

ಮನೆಯಲ್ಲಿ ಜಾವಾ ಆವೃತ್ತಿ ನಡೆಯುವ ಕಂಪ್ಯೂಟರ್ ಇದ್ದರೆ ಕ್ರಿಯೇಟ್ ಎಂಬ ಮಾಡ್ (ಆಟಕ್ಕೆ ಹೊರಗಿನವರು ಮಾಡಿದ ಸೇರ್ಪಡೆ) ನೋಡಿರಿ. 2022ರಿಂದ ಅದರಲ್ಲಿ ರೈಲುಗಳಿವೆ. ಸೂಪರ್ ಗ್ಲೂನಿಂದ ಅಂಟಿಸಿದ ಬ್ಲಾಕ್‌ಗಳ ರಾಶಿ ಒಂದೇ ವಸ್ತುವಿನಂತೆ ಹಳಿಯ ಮೇಲೆ ಚಲಿಸಿ, ತಿರುವಿನಲ್ಲಿ ನಿಜವಾಗಿಯೂ ಮೈ ತಿರುಗಿಸುತ್ತದೆ. ಆದರೆ ಅದು ಟ್ಯಾಬ್ಲೆಟ್‌ನಲ್ಲಿ ನಡೆಯುವುದಿಲ್ಲ, ಮತ್ತು ನೀವಿಬ್ಬರೂ ಈಗಾಗಲೇ ಕಟ್ಟಿರುವ ಬೀದಿಯನ್ನು ಬಿಟ್ಟು ಹೋಗಬೇಕೆಂದು ನಾನು ಹೇಳಲಾರೆ.

ಇನ್ನೊಂದು ಮಾತು. ತೇರಿನ ಮೇಲೆ ಯಾರಾದರೂ ನಿಲ್ಲುವುದಾದರೆ ಕಾಲಡಿಗೆ ಜೇನಿನ ಬ್ಲಾಕ್ ಇರಲಿ. ಜೇನು ನಿಂತವರನ್ನು ತನ್ನೊಡನೆ ಕರೆದೊಯ್ಯುತ್ತದೆ. ಬೀದಿಯ ಇನ್ನೊಂದು ತುದಿಯಲ್ಲಿ ನಿಂತು ತೇರನ್ನು ಕಾಯಬೇಡಿರಿ. ಸಿಮ್ಯುಲೇಶನ್ ದೂರ (ನಿಮ್ಮ ಸುತ್ತ ಆಟ ಚಲಿಸುತ್ತಿರುವ ವ್ಯಾಪ್ತಿ) 4 ಚಂಕ್, ಅಂದರೆ ತಲಾ 16 ಬ್ಲಾಕ್‌ನ 4 ತುಂಡು, ಎಂದಿದ್ದರೆ ಸುಮಾರು 64 ಬ್ಲಾಕ್‌ಗಳ ಆಚೆಗೆ ಎಲ್ಲವೂ ಸ್ತಬ್ಧವಾಗುತ್ತದೆ.

ಕಲ್ಸಂಕ

ಮೂವರಿಗೂ ನಮ್ಮಿಬ್ಬರ ವಂದನೆಗಳು. ಎರಡು ರಾತ್ರಿ ಕುಳಿತು ತೇರನ್ನು ಮೂರು ಹೋಳುಗಳಾಗಿ ಹೊಸದಾಗಿ ಕಟ್ಟಿದೆವು. ಮೊದಲ ಪ್ರಯತ್ನದಲ್ಲಿ ಬಲಗಡೆಯ ಹೋಳು ಮಾತ್ರ ಹೊರಡಲಿಲ್ಲ. ಮಗಳು ಒಂದೊಂದೇ ಬ್ಲಾಕ್‌ಗೆ ಬೆರಳಿಟ್ಟು ಎಣಿಸಿದಾಗ ಅದರ ಮುಂಭಾಗದಲ್ಲಿ 13 ಇದ್ದವು. ಪತಾಕೆಯ ಬುಡಕ್ಕೆಂದು ಅವಳೇ ಇಟ್ಟಿದ್ದ ಬಿಳಿ ಉಣ್ಣೆಯ ಒಂದು ಬ್ಲಾಕ್ ಹೆಚ್ಚಾಗಿತ್ತು. ಅದನ್ನು ತೆಗೆದೊಡನೆ ಮೂರೂ ಒಟ್ಟಿಗೆ ಹೊರಟವು.

ತೇರಿನ ಮುಂದಿನ ಅರ್ಧ ಮೊದಲು ಸರಿದು, ಹಿಂದಿನ ಅರ್ಧ ಒಂದು ಕ್ಷಣ ತಡೆದು ಅದನ್ನು ಕೂಡಿಕೊಳ್ಳುವಾಗ ನಡುವೆ ಸೀಳು ಕಾಣುತ್ತದೆ. ಅದು ದೋಷವೆಂದು ನಾನು ತಿಳಿದಿದ್ದೆ. ಹಗ್ಗ ಎಳೆಯುವಾಗ ತೇರು ಹಾಗೆಯೇ ತಡೆದು ತಡೆದು ಬರುತ್ತದೆಂದು ಮಗಳು ಹೇಳಿದ ಮೇಲೆ ಅದನ್ನು ಸರಿಪಡಿಸುವ ಯೋಚನೆಯನ್ನು ಬಿಟ್ಟೆ. ಅವಳು ನಡುವಿನ ಹೋಳಿನ ಜೇನಿನ ಮೇಲೆ ನಿಂತು ಕನಕನ ಕಿಂಡಿಯ ಎದುರಿನಿಂದ ಮೊದಲ ಮೂಲೆಯವರೆಗೆ ಹೋದಳು. ಅಬ್ಸಿಡಿಯನ್‌ಗೆ ತಾಗಿ ತೇರು ನಿಂತಿತು. 90 ಡಿಗ್ರಿಯ ತೇರನ್ನು ಇಳಿಸಿ, ಅಬ್ಸರ್ವರ್‌ಗಳ ಎದುರು ಒಟ್ಟಿಗೆ ಬ್ಲಾಕ್ ಬರುವಂತೆ ಮಾಡಿದಾಗ ಅದು ಎರಡನೆಯ ಬೀದಿಗೆ ಹೊರಟಿತು. ಮೂರನೆಯ ಮೂಲೆಯಲ್ಲಿ ಪೆಟ್ಟಿಗೆ ಒಂದು ಬ್ಲಾಕ್ ಹೆಚ್ಚು ಚಾಚಿದ್ದರಿಂದ ಒಂದು ಮಠದ ಜಗಲಿಯ ಎರಡು ಕಂಬಗಳು ಅಳಿಸಿಹೋದವು. ಅವನ್ನು ಮತ್ತೆ ನಿಲ್ಲಿಸುವ ಕೆಲಸ ಈಗ ನಡೆಯುತ್ತಿದೆ.