‘ವಿವಾದಿತ ಮೊತ್ತ’ ಸರಿ ಅನ್ನಿಸುತ್ತಾ?

ಎಲ್ಲರಿಗೂ ನಮಸ್ಕಾರ.

ಅಮೆರಿಕದ ಕೋರ್ಟುಗಳ ಬಗ್ಗೆ ಒಂದು ಬರಹವನ್ನು ಕನ್ನಡಕ್ಕೆ ತರುತ್ತಿದ್ದೇನೆ. ‘amount in controversy’ ಅನ್ನುವ ಪದದ ಹತ್ತಿರ ಗಾಡಿ ನಿಂತುಬಿಟ್ಟಿದೆ.

ಅಲ್ಲಿ ರಾಜ್ಯದ ಕೋರ್ಟುಗಳು ಬೇರೆ, ಫೆಡರಲ್ ಕೋರ್ಟುಗಳು ಬೇರೆ. ವಾದಿ ಒಂದು ರಾಜ್ಯದವನು, ಪ್ರತಿವಾದಿ ಇನ್ನೊಂದು ರಾಜ್ಯದವನು ಅನ್ನುವ ಕಾರಣಕ್ಕೆ ಫೆಡರಲ್ ಕೋರ್ಟಿಗೆ ಹೋಗಬೇಕಾದರೆ, ಕೇಳುವ ಹಣವೂ ಒಂದು ಮಟ್ಟ ದಾಟಬೇಕು. 1789ರಲ್ಲಿ ಅದು 500 ಡಾಲರ್ ಇತ್ತು, ಈಗ 75,000. ಈ ಹಣಕ್ಕೆ ಏನನ್ನೋಣ?

ಪದಕ್ಕೆ ಪದ ಇಟ್ಟರೆ ‘ವಿವಾದಿತ ಮೊತ್ತ’. ನನಗೆ ಹಿಡಿಸಲಿಲ್ಲ. ವಿವಾದಿತ ಹೇಳಿಕೆ ಅಂದರೆ ಹೇಳಿಕೆಯಲ್ಲೇ ಏನೋ ತಕರಾರು ಇದೆ ಅಂತ ತಾನೆ? ‘ವಿವಾದಿತ ಮೊತ್ತ’ ಅಂದಾಗ ಲೆಕ್ಕದಲ್ಲೇ ಗೋಲ್‌ಮಾಲ್ ಆದಂತೆ ಕೇಳಿಸುತ್ತದೆ. ‘ದಾವೆಯ ಮೌಲ್ಯ’ ನಮ್ಮ ಕೋರ್ಟುಗಳಲ್ಲಿ ಬಳಕೆಯಲ್ಲಿರುವ ಮಾತು, ಕೋರ್ಟ್ ಫೀ ಕಟ್ಟಿದವರಿಗೆ ಗೊತ್ತು. ಆದರೆ ಅದು ಇಡೀ ದಾವೆಗೆ ಒಂದೇ ಲೆಕ್ಕ ಅನ್ನಿಸುತ್ತದೆ. ವಾದಿಗಳು ಹಲವರಿದ್ದಾಗ ತೊಡಕಾಗುವುದೇ ಇಲ್ಲಿ.

ಉದಾಹರಣೆಗೆ, ಪೋರ್ಟೊ ರಿಕೋದ ಒಂಬತ್ತು ವರ್ಷದ ಹುಡುಗಿಯೊಬ್ಬಳು ಟ್ಯೂನಾ ಮೀನಿನ ಡಬ್ಬಿಯಿಂದ ಬೆರಳು ಕೊಯ್ದುಕೊಂಡಳು. ಗಾಯ ಜೋರಾಗೇ ಆಗಿತ್ತು. ಅವಳೂ ಮನೆಯವರೂ ಸೇರಿ ಸ್ಟಾರ್‌ಕಿಸ್ಟ್ ಕಂಪನಿಯ ಮೇಲೆ ಕೇಸು ಹಾಕಿದರು. ಹುಡುಗಿಯ ಕ್ಲೇಮು ಮಾತ್ರ ಮಟ್ಟ ದಾಟುತ್ತಿತ್ತು, ಮಿಕ್ಕವರದ್ದು ಇಲ್ಲ. 2005ರಲ್ಲಿ ಸುಪ್ರೀಂ ಕೋರ್ಟ್, ಒಬ್ಬಳದ್ದು ದಾಟಿದರೆ ಸಾಕು, ಉಳಿದವರೂ ಜೊತೆಗೆ ಬರಬಹುದು ಅಂದಿತು. ಎಕ್ಸಾನ್ ಮೊಬಿಲ್ ಕಂಪನಿಯ ಕೇಸಿನ ಜೊತೆಗೇ ಈ ತೀರ್ಪು ಬಂತು, ಅದೂ 5–4ರಲ್ಲಿ. 1973ರ ಝಾನ್ (Zahn) ಕೇಸಿನಲ್ಲಿ ಇದೇ ಕೋರ್ಟ್, ಗುಂಪಾಗಿ ಕೇಸು ಹಾಕಿದರೆ ಆ ಗುಂಪಿನ ಪ್ರತಿಯೊಬ್ಬರದ್ದೂ ದಾಟಲೇಬೇಕು ಅಂದಿತ್ತು.

ನಮ್ಮ ‘ತಲಾ’, ‘ಒಟ್ಟು’ ಎರಡೂ ಇಲ್ಲಿ ಎಷ್ಟು ಚೆನ್ನಾಗಿ ಕೂರುತ್ತವೆ ನೋಡಿ. 1973ರ ನಿಯಮ: ತಲಾ. 2005ರಲ್ಲೇ ಸಾಮೂಹಿಕ ದಾವೆಗಳಿಗೆ ಬಂದ ಹೊಸ ಕಾಯ್ದೆಯಲ್ಲಿ: ಒಟ್ಟು, 50 ಲಕ್ಷ ಡಾಲರ್. ಇಂಗ್ಲಿಷಿನಲ್ಲಿ ಅರ್ಧ ಪುಟ ಎಳೆದದ್ದು ನನಗೆ ಎರಡು ಸಾಲಲ್ಲಿ ಮುಗಿಯಿತು!

ಇನ್ನೊಂದು ಅನುಮಾನ. ‘ಕನಿಷ್ಠ 75,000’ ಅಂತ ಬರೆದರೆ ತಪ್ಪು. ಸರಿಯಾಗಿ 75,000 ಕೇಳಿದವನನ್ನು ಒಳಗೆ ಬಿಡುವುದಿಲ್ಲ, ಅದಕ್ಕಿಂತ ಜಾಸ್ತಿಯೇ ಇರಬೇಕು. ‘ಮೇಲ್ಪಟ್ಟ’ ಹಾಕೋಣ ಅಂದರೆ, ‘18 ವರ್ಷ ಮೇಲ್ಪಟ್ಟವರು’ ಅಂದಾಗ 18 ತುಂಬಿದವರೂ ಸೇರುತ್ತಾರಲ್ವಾ? ಸದ್ಯಕ್ಕೆ ‘75,000 ಮೀರಿದ’ ಅಂತ ಬರೆದಿದ್ದೇನೆ.

ಮೊದಲ ಪದಕ್ಕೆ ಸದ್ಯ ‘ಕ್ಲೇಮಿನ ಮೊತ್ತ’ ಇಟ್ಟುಕೊಂಡಿದ್ದೇನೆ. ಮಾತಿನಲ್ಲಿ ‘ಎಷ್ಟಕ್ಕೆ ಕೇಸ್ ಹಾಕಿದ್ದಾರೆ?’ ಅಂತ ಕೇಳುತ್ತೇವೆ, ಆ ‘ಎಷ್ಟಕ್ಕೆ’ಗೆ ಒಂದು ಹೆಸರು ಬೇಕು, ಅಷ್ಟೇ. ವಕೀಲರ ಆಫೀಸಿನಲ್ಲಿ, ಕೋರ್ಟಿನ ಕಚೇರಿಯಲ್ಲಿ ಓಡಾಡಿದವರು ಅಲ್ಲಿ ಬಾಯಲ್ಲಿ ಏನನ್ನುತ್ತಾರೆ ಅಂತ ತಿಳಿಸುತ್ತೀರಾ?