ಕೇರಳದ ದಿನನಿತ್ಯದ ಬದುಕನ್ನು ತಿಳಿಯಲು ಯಾವ ಮಲಯಾಳ ಚಿತ್ರಗಳನ್ನು ನೋಡಬೇಕು?

ಪ್ರಶ್ನೆ: ಕೆಲಸದ ನಿಮಿತ್ತ ಶಿವಮೊಗ್ಗದಿಂದ ಕಲ್ಲಿಕೋಟೆಗೆ ಹೋಗಿ ನೆಲೆಸಬೇಕಾಗಿದೆ. ಮಲಯಾಳ ಬಾರದು. ಅಲ್ಲಿನ ಮನೆ, ಊಟ, ನಡೆನುಡಿಗಳ ಪರಿಚಯವಾಗುವಂಥ ಚಿತ್ರಗಳನ್ನು ಅನುಭವವುಳ್ಳವರು ದಯವಿಟ್ಟು ತಿಳಿಸಿರಿ.

ಕಾಸರಗೋಡಿನಿಂದ ಉತ್ತರ: ಡಬ್ ಆದದ್ದನ್ನು ನೋಡಬೇಡಿ, ಮೂಲ ಧ್ವನಿಯಲ್ಲೇ ಸಬ್‌ಟೈಟಲ್ ಹಾಕಿಕೊಂಡು ನೋಡಿ. ಕೇರಳದಲ್ಲಿ ಜಿಲ್ಲೆ ದಾಟಿದರೆ ಮಾತು ಬದಲಾಗುತ್ತದೆ, ಡಬ್ಬಿಂಗಿನಲ್ಲಿ ಎಲ್ಲರೂ ಒಂದೇ ಊರಿನವರಾಗಿಬಿಡುತ್ತಾರೆ. 2017ರ ‘ತೊಂಡಿಮುದಲುಂ ದೃಕ್ಸಾಕ್ಷಿಯುಂ’ ನಮ್ಮ ಕಡೆಯ ಕಥೆ. ಜಾತಿ ಮೀರಿ ಮದುವೆಯಾಗಿ, ದಕ್ಷಿಣದ ಹಿನ್ನೀರಿನ ಸೀಮೆಯನ್ನು ಬಿಟ್ಟು ಬಂದ ದಂಪತಿ ಇಲ್ಲಿನ ಒಣನೆಲದಲ್ಲಿ ಬೋರ್‌ವೆಲ್ ಕೊರೆಸಲು ಹಣ ಹೊಂದಿಸುತ್ತಿರುವಾಗ, ಬಸ್ಸಿನಲ್ಲಿ ಕಳ್ಳನೊಬ್ಬ ಹೆಂಡತಿಯ ಸರ ಕದ್ದು ನುಂಗುತ್ತಾನೆ. ಆಮೇಲೆ ಠಾಣೆಯಲ್ಲಿ ಅವನಿಗೆ ಬಾಳೆಹಣ್ಣು ತಿನ್ನಿಸಿ, ಸರ ಹೊರಬೀಳುವುದನ್ನೇ ಕಾಯುತ್ತಾರೆ. ಪೊಲೀಸರ ಪಾತ್ರ ಮಾಡಿದವರಲ್ಲಿ ಹಲವರು ನಿಜವಾದ ಪೊಲೀಸರೇ. ಆ ಬೇಸರದ ಮುಖಗಳನ್ನು ನಟರಿಂದ ತರಿಸುವುದು ಕಷ್ಟ.

ತೀರ್ಥಹಳ್ಳಿಯಿಂದ ಉತ್ತರ: 2021ರ ‘ದಿ ಗ್ರೇಟ್ ಇಂಡಿಯನ್ ಕಿಚನ್’ ತಪ್ಪದೆ ನೋಡಿ. ಅನ್ನ ಕುಕ್ಕರಿನಲ್ಲಿ ಬೇಡ, ಒಲೆಯ ಮೇಲೆಯೇ ಆಗಲಿ ಎನ್ನುವ ಮಾವ. ಉಂಡವರು ಮೇಜಿನ ಮೇಲೆ ಉಗಿದು ಎದ್ದುಹೋದ ನುಗ್ಗೆಕಾಯಿಯ ಸಿಪ್ಪೆ. ಸೋರುವ ಸಿಂಕನ್ನು ರಿಪೇರಿ ಮಾಡಿಸಿರೆಂದು ಎಷ್ಟು ಸಲ ಹೇಳಿದರೂ ಕಿವಿಗೆ ಹಾಕಿಕೊಳ್ಳದ ಗಂಡ. ಕೇರಳವನ್ನು ನೋಡಲೆಂದು ಕುಳಿತವಳಿಗೆ ಕಂಡದ್ದು ನಮ್ಮದೇ ಅಡುಗೆಮನೆ. ಅತ್ತೆಯವರು ಅರ್ಧಕ್ಕೇ ಎದ್ದು ಒಳಗೆ ಹೋದರು.

ಮಲಪ್ಪುರದಲ್ಲಿ ಮೂರು ವರ್ಷ ಇದ್ದವರ ಉತ್ತರ: ತೊಂಬತ್ತರ ದಶಕದ ಹಲವು ಚಿತ್ರಗಳಲ್ಲಿ ಕಾಣುವ, ಒಟ್ಟಪಾಲಂ ಸುತ್ತಲಿನ ಮೇಲ್ಜಾತಿಯ ದೊಡ್ಡ ತರವಾಡು (ಹಳೆಯ ಕೂಡುಕುಟುಂಬದ) ಮನೆಗಳನ್ನೇ ಇಡೀ ಕೇರಳವೆಂದು ತಿಳಿಯಬೇಡಿ, ನಾನು ಹಾಗೆ ತಿಳಿದೇ ಹೋಗಿದ್ದೆ. ನಾನು ಕಂಡ ಮಲಪ್ಪುರ ಇರುವುದು 2018ರ ‘ಸುಡಾನಿ ಫ್ರಂ ನೈಜೀರಿಯಾ’ದಲ್ಲಿ. ಅಲ್ಲಿ ಸೆವೆನ್ಸ್, ಅಂದರೆ ತಂಡಕ್ಕೆ ಏಳೇ ಜನರ ಫುಟ್‌ಬಾಲ್, ಊರಿನ ಹುಚ್ಚು. ಆಫ್ರಿಕಾದಿಂದಲೂ ಆಟಗಾರರನ್ನು ಕರೆಸುತ್ತಾರೆ. ಪೆಟ್ಟಾಗಿ ಮಲಗಿದ ಅಂಥ ಆಟಗಾರನನ್ನು ಭಾಷೆಯೇ ತಿಳಿಯದ ಇಬ್ಬರು ಮುದುಕಿಯರು ಉಪಚರಿಸುವ ದೃಶ್ಯಗಳಲ್ಲಿ ಒಂದಿಷ್ಟೂ ಉತ್ಪ್ರೇಕ್ಷೆಯಿಲ್ಲ. ನನ್ನ ಬಾಡಿಗೆಮನೆಯ ಉಮ್ಮನವರೂ (ಉಮ್ಮ ಎಂದರೆ ತಾಯಿ), ನನಗೆ ಅರ್ಥವಾಗಲಿಲ್ಲವೆಂದರೆ ಅದೇ ಮಲಯಾಳವನ್ನು ಇನ್ನಷ್ಟು ಜೋರಾಗಿ ಆಡಿ, ತಟ್ಟೆಗೆ ಮತ್ತೊಂದು ಪತ್ತಿರಿ (ತೆಳುವಾದ ಅಕ್ಕಿರೊಟ್ಟಿ) ಹಾಕುತ್ತಿದ್ದರು.